ಗೆರೆ ಮುಟ್ಟಿದ ಚೆಂಡು

"ತಲೆ ಸ್ವಲ್ಪ ಎತ್ತಿ ಹಿಡ್ಕೊಳ್ಳಿ. ಹಾಂ, ಅಷ್ಟೇ. ಅಲುಗಾಡಿಸ್ಬೇಡಿ," ಎನ್ನುತ್ತ ಗುಬ್ಬಿ ಎರಡು ಬೆರಳಿನಿಂದ ಸರ್ ಅವರ ಕೆಳದವಡೆಯನ್ನು ಮೆಲ್ಲಗೆ ಕೆಳಗೊತ್ತಿದಳು. ದವಡೆ ಆಗಲೇ ಬಿಗಿಯತೊಡಗಿತ್ತು. ಇನ್ನೊಂದು ಗಂಟೆ ತಡವಾಗಿದ್ದರೆ ಬಾಯಿ ತೆರೆಯುತ್ತಲೇ ಇರಲಿಲ್ಲ. ಮೇಲಿನ ಹಲ್ಲುಸೆಟ್ಟನ್ನು ಬಟ್ಟಲಿನ ನೀರಿನಲ್ಲಿ ಅದ್ದಿ, ಓರೆಯಾಗಿ ಒಳಗೆ ತೂರಿಸಿ, ಹೆಬ್ಬೆರಳಿನಿಂದ ಅಂಗುಳಕ್ಕೆ ಒತ್ತಿ ಹಿಡಿದಳು. ಆಮೇಲೆ ಕೆಳಗಿನದನ್ನು ಕೂರಿಸಿದಳು. ಒಳಕ್ಕೆ ಕುಸಿದಿದ್ದ ಕೆನ್ನೆಗಳು ತುಂಬಿಕೊಂಡವು. ನೋಡುನೋಡುತ್ತಿದ್ದಂತೆ ಹಾಸಿಗೆಯ ಮೇಲಿದ್ದ ಯಾರೋ ಮುದುಕ ಮತ್ತೆ ಸರ್ ಆದರು.

"ಈಗ ಇವರು ಇವರ ಹಾಗೇ ಇದ್ದಾರೆ," ಎಂದರು ಅಮ್ಮ. ಸರ್ ಹೆಂಡತಿಯನ್ನು ಟೆನಿಸ್ ತಂಡದವರೆಲ್ಲ ಕರೆಯುತ್ತಿದ್ದುದೇ ಹಾಗೆ.

ತಲೆ ಹಿಡಿದುಕೊಂಡಿದ್ದ ಸರ್ ಅವರ ತಮ್ಮ ಅದನ್ನು ಮೆಲ್ಲಗೆ ದಿಂಬಿನ ಮೇಲೆ ಇಳಿಸಿ, "ಅತ್ತಿಗೆ, ಡಾಕ್ಟರು ಸರ್ಟಿಫಿಕೇಟು ಕೊಟ್ಟು ಹೋದ ಮೇಲೆ ನೀವು ಮೊದಲು ಫೋನ್ ಮಾಡಿದ್ದು ಹಲ್ಲಿನ ಡಾಕ್ಟರಿಗೆ ಅಂದ್ರೆ ಜನ ನಗ್ತಾರೆ," ಎಂದ.

"ನಗ್ಲಿ ಬಿಡಪ್ಪ. ಹಲ್ಲಿಲ್ಲದೆ ನಿಮ್ಮಣ್ಣ ಪೇಪರಿನವನ ಮುಂದೆಯೂ ಬಾಗಿಲು ತೆಗೆದವರಲ್ಲ. ಇವತ್ತು ಊರಿನವರೆಲ್ಲ ಬಂದು ನೋಡ್ತಾರೆ."

ಸರ್ ನಸುಕಿನಲ್ಲಿ ನಿದ್ದೆಯಲ್ಲೇ ಹೋಗಿದ್ದರು. ಎಪ್ಪತ್ತಮೂರು ವರ್ಷ. ಗುಬ್ಬಿ ಗ್ಲೌಸು ಬಿಚ್ಚಿ, ಅವರ ತುಟಿಯಂಚಿನ ನೀರನ್ನು ಹತ್ತಿಯಿಂದ ಒರೆಸಿದಳು. ಆ ಬಾಯಿಯ ಒಂದೊಂದು ಮೂಲೆಯೂ ಅವಳಿಗೆ ಗೊತ್ತು. ಇಪ್ಪತ್ತು ವರ್ಷದಲ್ಲಿ ಅಲ್ಲಿದ್ದ ಹಲ್ಲುಗಳನ್ನೆಲ್ಲ ಒಂದೊಂದಾಗಿ ಕಿತ್ತವಳು ಅವಳೇ. "ಶಿಷ್ಯರು ಗುರುವಿಗೆ ಏನೇನೋ ಕೊಡ್ತಾರೆ. ಇವಳು ಮಾತ್ರ ಬಂದಾಗಲೆಲ್ಲ ಒಂದೊಂದು ಕಿತ್ಕೊಂಡು ಹೋದಳು," ಎಂದು ಅವರು ಸಿಕ್ಕವರಿಗೆಲ್ಲ ಹೇಳುತ್ತಿದ್ದರು.

ಐವತ್ತರ ಹತ್ತಿರ ಬಂದ, ಸ್ವಂತ ಕ್ಲಿನಿಕ್ಕಿರುವ ಹೆಂಗಸನ್ನು ಇನ್ನೂ ಗುಬ್ಬಿ ಎಂದು ಕರೆಯುವವರು ಹಳೆಯ ತಂಡದವರು ಮಾತ್ರ. ಅವರಲ್ಲೊಬ್ಬಳು ಅಷ್ಟರಲ್ಲೇ ಫೋನಿನಲ್ಲಿ ಬಂದಳು: ಕ್ಯಾಪ್ಟನ್. ತಂಡ ಚದುರಿ ಇಪ್ಪತ್ತೊಂಬತ್ತು ವರ್ಷವಾದರೂ ಆಕೆ ಕ್ಯಾಪ್ಟನ್ನೇ.

"ಗುಬ್ಬಿ, ಎರಡು ಗಂಟೆಗೆ ಸರ್‌ನ ಕಾಲೇಜು ಹಾಲಿನಲ್ಲಿ ದರ್ಶನಕ್ಕಿಡ್ತಾರೆ. ಪ್ರಿನ್ಸಿಪಾಲರ ಹತ್ರ ಮಾತಾಡಿದೀನಿ. ಹಳೇ ವಿದ್ಯಾರ್ಥಿಗಳ ಪರವಾಗಿ ಒಬ್ಬರು ಮಾತಾಡಬೇಕಂತೆ. ನೀನೇ ಮಾತಾಡು."

"ನಾನಾ? ನೀನಿರುವಾಗ?"

"ನನ್ನ ಗಂಟಲು ಬೆಳಿಗ್ಗೆಯಿಂದ ಅತ್ತು ಅತ್ತು ಹರಿದುಹೋಗಿದೆ. ಅಲ್ದೆ, ಆ ಅಂತರಕಾಲೇಜು ಕಪ್ಪಿನ ಕತೆ ಹೇಳೋಕೆ ನಿನಗಿಂತ ಯಾರು ಬೇಕು? ಕೊನೇ ಪಾಯಿಂಟು ಗೆದ್ದವಳು ನೀನು ತಾನೆ?"

ಫೋನು ಅತ್ತ ಕಡೆಯಿಂದ ಕಟ್ಟಾಯಿತು.

*

ಸರ್ ಒಂದು ಕಾಲಕ್ಕೆ ದೇಶದ ನಾಲ್ಕನೇ ಆಟಗಾರ. ನಾಲ್ಕನೆಯವನ ಹೆಸರು ಪತ್ರಿಕೆಯಲ್ಲಿ ಬಂದರೂ ಸಣ್ಣಕ್ಷರದಲ್ಲಿ ಬರುತ್ತದೆ. ಎಂಟು ವರ್ಷ ಅವರು ರೈಲಿನಲ್ಲಿ ತಿರುಗಿದರು. ನಿಲ್ದಾಣದ ಬೆಂಚಿನ ಮೇಲೆ ಮಲಗಿ, ಒಗೆದ ಚಡ್ಡಿಯನ್ನು ಕಿಟಕಿಯ ಸರಳಿಗೆ ಕಟ್ಟಿ ಒಣಗಿಸಿಕೊಂಡು, ಹರಿದ ತಂತಿಯನ್ನು ತಾವೇ ಬಿಗಿದುಕೊಂಡು ಊರೂರಲ್ಲಿ ಆಡಿದರು. ಒಂದೇ ಒಂದು ಸಲ ಹೊರದೇಶದ ದೊಡ್ಡ ಪಂದ್ಯಾವಳಿಯಲ್ಲಿ, ಅರ್ಹತೆಯ ಮೂರು ಸುತ್ತು ದಾಟಿ, ಮುಖ್ಯ ಸುತ್ತಿನ ಅಂಕಣಕ್ಕೆ ಕಾಲಿಟ್ಟರು. ಎದುರಾಳಿ ಅವರ ಹೆಸರನ್ನು ಕೇಳಿರಲಿಲ್ಲ. ಆಟ ಮುಗಿದ ಮೇಲೂ ಕೇಳಲಿಲ್ಲ.

"ಪ್ರಪಂಚ ಎಷ್ಟು ದೊಡ್ಡದು ಅಂತ ತಿಳ್ಕೊಳ್ಳೋಕೆ ಕೆಲವರಿಗೆ ಆಯುಸ್ಸೇ ಬೇಕು," ಎನ್ನುತ್ತಿದ್ದರು ಸರ್. "ನಂಗೆ ಒಂದು ಗಂಟೆ ಹತ್ತು ನಿಮಿಷ ಸಾಕಾಯ್ತು."

ಆಮೇಲೆ ಭುಜ ಕೈಕೊಟ್ಟಿತು. ಕಾಲೇಜಿನ ವ್ಯಾಯಾಮ ಶಿಕ್ಷಕರು ರಜೆ ಹಾಕಿದ್ದರಿಂದ ಒಂದು ವರ್ಷದ ಮಟ್ಟಿಗೆ ಬಂದರು. ಮೂವತ್ತೊಂದು ವರ್ಷ ಉಳಿದರು. ಅಲ್ಲಿದ್ದದ್ದು ಮೂರು ಸಿಮೆಂಟು ಅಂಕಣ, ತೇಪೆ ಹಾಕಿದ ನೆಟ್ಟು, ಆಟವೆಂದರೆ ಏನೆಂದು ಗೊತ್ತಿಲ್ಲದ ಹುಡುಗಿಯರು. ಗುಬ್ಬಿ ತಂಡಕ್ಕೆ ಸೇರಿದ್ದೂ ಟೆನಿಸಿನ ಮೇಲಿನ ಪ್ರೀತಿಯಿಂದಲ್ಲ. ಬೆಳಗಿನ ಕವಾಯತು ತಪ್ಪುತ್ತದೆ ಎಂದು. ಮೊದಲ ದಿನ ಅವಳು ಇಪ್ಪತ್ತು ಚೆಂಡಿಗೆ ಬೀಸಿ, ಇಪ್ಪತ್ತು ಸಲವೂ ಗಾಳಿಗೇ ಹೊಡೆದಳು. ಸರ್ ನಗಲೂ ಇಲ್ಲ, ಗದರಲೂ ಇಲ್ಲ. ಇಪ್ಪತ್ತೊಂದನೆಯದನ್ನು ಎಸೆದು, "ಇನ್ನೊಂದ್ಸಲ," ಎಂದರು.

ಅವರ ಬಾಯಲ್ಲಿ ಎರಡನೇ ಪಾಠವೇ ಇರಲಿಲ್ಲ ಎಂದು ಹುಡುಗಿಯರು ಆಡಿಕೊಳ್ಳುತ್ತಿದ್ದರು. ಇತ್ತು, ಗೆರೆಯದು. ವರ್ಷಕ್ಕೆರಡು ಸಲ ಸರ್ ತಾವೇ ಮಂಡಿಯೂರಿ ಅಂಕಣದ ಗೆರೆಗಳಿಗೆ ಬಿಳಿ ಬಣ್ಣ ಬಳಿಯುತ್ತಿದ್ದರು. ಬಳಿಯುತ್ತ, "ಗೆರೆ ಹೊರಗಿನದಲ್ಲ, ಅಂಕಣದ್ದೇ. ಚೆಂಡು ಗೆರೆಯನ್ನ ಕೂದಲೆಳೆಯಷ್ಟು ಮುಟ್ಟಿದ್ರೂ ಅದು ಒಳಗೇ. ನಮ್ಮ ಮಟ್ಟದ ಆಟದಲ್ಲಿ ಅಂಪೈರ್ ಇರಲ್ಲ. ನಿಮ್ಮ ಕಡೆ ಬಿದ್ದ ಚೆಂಡಿಗೆ ನೀವೇ ಅಂಪೈರು. ಕಣ್ಣಿಗೆ ಕಂಡದ್ದನ್ನ ಬಾಯಿ ಹೇಳಬೇಕು," ಎನ್ನುತ್ತಿದ್ದರು.

*

ಎರಡು ಗಂಟೆಗೆ ಹಾಲು ತುಂಬಿತ್ತು. ವೇದಿಕೆಯ ಕೆಳಗೆ ಎರಡು ಮೇಜು ಜೋಡಿಸಿ ಸರ್ ಮಲಗಿದ್ದ ಪೆಟ್ಟಿಗೆ ಇಟ್ಟಿದ್ದರು. ಬಾಗಿಲ ಬಳಿ ಗಾಜಿನ ಕಪಾಟಿನಲ್ಲಿದ್ದ ಆ ಒಂದೇ ಒಂದು ಕಪ್ಪನ್ನು ಯಾರೋ ಹೊರತೆಗೆದು, ಉಜ್ಜಿ, ಪೆಟ್ಟಿಗೆಯ ತಲೆಯ ಕಡೆ ನಿಲ್ಲಿಸಿದ್ದರು. ಮೂವತ್ತೊಂದು ವರ್ಷದಲ್ಲಿ ಸರ್ ಗೆದ್ದದ್ದು ಅದೊಂದೇ.

ಮೊದಲ ಸಾಲಿನಲ್ಲಿ ನಿವೃತ್ತ ಗಣಿತದ ಮೇಷ್ಟ್ರು ಕುಳಿತಿದ್ದರು. ಸರ್ ಅವರ ಹಳೆಯ ಸ್ನೇಹಿತರು. ಈಗ ಕಿವಿ ಮಂದ, ಅದಕ್ಕೇ ಗಂಟಲು ದೊಡ್ಡದು. "ನನ್ನ ಪಾಠ ಕೇಳಿ ಲೆಕ್ಕ ಕಲಿತವರು ಹತ್ತು ಜನ ಇರಬಹುದು," ಎಂದು ಪಕ್ಕದವರಿಗೆ ಪಿಸುಗುಟ್ಟಿದರು. ಅದು ಹಾಲಿಗೆಲ್ಲ ಕೇಳಿಸಿತು. "ಅವನು ಬರೀ 'ಇನ್ನೊಂದ್ಸಲ' ಅಂತ ಹೇಳಿ ಹೇಳಿಯೇ ಈ ಪಾಟಿ ಜನ ಸೇರಿಸ್ಬಿಟ್ಟ ನೋಡಿ. ಎಂಥ ಅನ್ಯಾಯ!"

ಅಮ್ಮನೂ ನಕ್ಕರು. ಆಮೇಲೆ ಪಕ್ಕದಲ್ಲಿ ಕುಳಿತ ಗುಬ್ಬಿಯ ಕಡೆ ವಾಲಿ, "ಆ ಕಪ್ಪನ್ನ ಅಲ್ಲಿ ಇಟ್ಟದ್ದು ಇವರಿಗೆ ಹಿಡಿಸ್ತಿತ್ತೋ ಇಲ್ವೋ," ಎಂದರು. "ಎಲ್ಲಾ ವರ್ಷದ ತಂಡದ ಫೋಟೋನೂ ಮನೆ ಗೋಡೆ ಮೇಲಿದೆ. ಆ ಒಂದು ವರ್ಷದ್ದು ಮಾತ್ರ ಹಾಕೋಕೆ ಬಿಡ್ಲಿಲ್ಲ. ಯಾಕೆ ಅಂದ್ರೆ, ಮೊಳೆ ಇಲ್ಲ ಅಂದ್ರು. ಮಾರನೇ ವರ್ಷದ್ದಕ್ಕೆ ಮೊಳೆ ಸಿಕ್ತು."

ನೀರು ಕುಡಿದು ಬರುತ್ತೇನೆಂದು ಗುಬ್ಬಿ ಎದ್ದು ಹೊರಗೆ ಹೋದಳು.

*

ಇಪ್ಪತ್ತೊಂಬತ್ತು ವರ್ಷದ ಹಿಂದೆ, ಅಂತರಕಾಲೇಜು ಫೈನಲ್ಲು. ನಾಲ್ಕು ಪಂದ್ಯ ಮುಗಿದು ಎರಡು-ಎರಡು ಸಮವಾಗಿತ್ತು. ಉಳಿದದ್ದು ಐದನೆಯದು. ತಂಡದ ಕಟ್ಟಕಡೆಯ ಆಟಗಾರ್ತಿ ಗುಬ್ಬಿ, ಎದುರು ಒಬ್ಬ ಬಡಕಲು ಉದ್ದನೆಯ ಹುಡುಗಿ. ಇವರ ತಂಡ ಅವಳಿಗೆ 'ಏಣಿ' ಎಂದು ಹೆಸರಿಟ್ಟಿತ್ತು. ಉಳಿದವರ ಆಟ ಮುಗಿದಿದ್ದರಿಂದ ಎರಡೂ ಕಾಲೇಜಿನವರು ಬೇಲಿಗೆ ಮೂಗು ಒತ್ತಿಕೊಂಡು ನಿಂತಿದ್ದರು. ಮೂರನೇ ಸೆಟ್ಟು, ಇನ್ನೊಂದೇ ಪಾಯಿಂಟು ಸಿಕ್ಕರೆ ಗುಬ್ಬಿ ಗೆದ್ದಂತೆ, ಕಾಲೇಜಿಗೆ ಕಪ್ಪು.

ಏಣಿ ಹೊಡೆದ ಚೆಂಡು ಓರೆಯಾಗಿ ಬಂದು ಗುಬ್ಬಿಯ ಎಡಗಡೆಯ ಮೂಲೆಯಲ್ಲಿ ಬಿತ್ತು. ಗುಬ್ಬಿ ಓಡಿದಳು, ಎಟುಕಲಿಲ್ಲ. ಆದರೆ ಕಂಡಿತು. ಚೆಂಡಿನ ಅರ್ಧ ಗೆರೆಯ ಮೇಲಿತ್ತು; ಅರ್ಧ ಏಕೆ, ಮುಕ್ಕಾಲು. ಬಿಳಿ ಬಣ್ಣದ ಮೇಲೆ ಬೂದು ಗುರುತು ಮೂಡಿ ನಿಂತಿತು. ಅವಳ ಕೈ ಮೇಲೆದ್ದು, ತೋರುಬೆರಳು ಹೊರಗೆ ಚಾಚಿಕೊಂಡಿತು.

"ಔಟ್!"

ಆ ಬೇಲಿಯ ಆಚೆ ಎದ್ದ ಕೂಗಿನಲ್ಲಿ ಏಣಿಯ ಮಾತು ಯಾರಿಗೂ ಕೇಳಿಸಲಿಲ್ಲ. ಗುಬ್ಬಿಯನ್ನು ಎತ್ತಿಕೊಂಡರು. ಅವಳು ಎಲ್ಲರ ತೋಳುಗಳ ಮೇಲಿನಿಂದ ಸರ್ ಅನ್ನು ಹುಡುಕಿದಳು. ಸರ್ ಅದೇ ಮೂಲೆಯ ಬೆಂಚಿನಲ್ಲಿ, ಆ ಗೆರೆಗೆ ಆರು ಹೆಜ್ಜೆ ದೂರದಲ್ಲಿ, ಬಗ್ಗಿ ಬೂಟಿನ ದಾರ ಕಟ್ಟಿಕೊಳ್ಳುತ್ತಿದ್ದರು. ತುಂಬ ಹೊತ್ತು ಕಟ್ಟಿದರು.

ನಾಲ್ಕು ದಿನದ ನಂತರ ಅವರು ಅವಳೊಬ್ಬಳನ್ನೇ ಕರೆದು, "ಗೆರೆ ಬಳಿಯೋಕೆ ಬರ್ತೀಯಾ?" ಎಂದರು. ಗೆದ್ದವಳಿಗೆ ಸಿಕ್ಕ ಗೌರವ ಎಂದು ತಂಡದವರು ಹೊಟ್ಟೆಕಿಚ್ಚು ಪಟ್ಟರು. ಮಧ್ಯಾಹ್ನವಿಡೀ ಇಬ್ಬರೂ ಮಂಡಿಯೂರಿ ಬಳಿದರು. ಸರ್ ಹವೆಯ ಬಗ್ಗೆ ಮಾತಾಡಿದರು, ಕುಂಚದ ಬಗ್ಗೆ ಮಾತಾಡಿದರು. ಆ ಮೂಲೆ ಬಂದಾಗ ಮಾತು ನಿಲ್ಲಿಸಿದರು. ಗುಬ್ಬಿಯೂ ತುಟಿ ಬಿಚ್ಚಲಿಲ್ಲ.

ಅವಳು ಹಲ್ಲಿನ ಓದು ಮುಗಿಸಿ ಅದೇ ಊರಿನಲ್ಲಿ ಕ್ಲಿನಿಕ್ಕು ತೆರೆದಾಗ, ಸರ್ ತಮ್ಮ ಮನೆಯ ಪಕ್ಕದ ದಂತವೈದ್ಯರನ್ನು ಬಿಟ್ಟು, ಊರಿನ ಇನ್ನೊಂದು ತುದಿಗೆ ಬಸ್ಸು ಹತ್ತಿ ಬರತೊಡಗಿದರು. ಆರು ತಿಂಗಳಿಗೊಂದು ಸಲ. ಕೆಲಸ ಮುಗಿದು, ಬಾಯಿ ಮುಕ್ಕಳಿಸಿ, ಕುರ್ಚಿಯಿಂದ ಇಳಿದರೂ ತಕ್ಷಣ ಹೊರಡುತ್ತಿರಲಿಲ್ಲ. ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತ, "ಇನ್ನೇನಮ್ಮ? ಏನಾದ್ರೂ ಹೇಳೋದಿದೆಯಾ?" ಎನ್ನುತ್ತಿದ್ದರು.

"ದಿನಕ್ಕೆರಡು ಸಲ ಬ್ರಷ್ ಮಾಡಿ ಸರ್."

"ಆಯ್ತು," ಎಂದು ಹೋಗುತ್ತಿದ್ದರು. ಇಪ್ಪತ್ತು ವರ್ಷ ಅವರು ಅದನ್ನೇ ಕೇಳಿದರು, ಅವಳೂ ಅದನ್ನೇ ಹೇಳಿದಳು. ಕೊನೆಕೊನೆಗೆ ಬ್ರಷ್ ಮಾಡಲು ಬಾಯಲ್ಲಿ ಹಲ್ಲೇ ಇರಲಿಲ್ಲ.

*

ಕಾರಿಡಾರಿನ ನಲ್ಲಿಯ ಹತ್ತಿರ ಒಬ್ಬ ಎತ್ತರದ ಹೆಂಗಸು ಮುಖ ತೊಳೆಯುತ್ತಿದ್ದಳು. ತಲೆ ಪೂರ್ತಿ ನರೆತಿತ್ತು; ನಲ್ಲಿಗೆ ಬಗ್ಗಿದ ರೀತಿಯಲ್ಲೇ ಗುಬ್ಬಿಗೆ ಗುರುತು ಸಿಕ್ಕಿತು.

"ನೀವೇ ಅಲ್ವಾ?" ಎಂದಳು ಏಣಿ, ಮುಖ ಒರೆಸಿಕೊಳ್ಳುತ್ತ. "ಬೆಳಿಗ್ಗೆ ಸುದ್ದಿ ಬಂತು. ಬಸ್ಸಲ್ಲಿ ನಾಲ್ಕು ಗಂಟೆ ದಾರಿ. ಸ್ಕೂಲಿಗೆ ರಜೆ ಹಾಕಿ ಬಂದೆ. ಹೆಣ್ಮಕ್ಕಳಿಗೆ ಟೆನಿಸ್ ಹೇಳ್ಕೊಡ್ತೀನಿ."

"ಸರ್ ನಿಮಗೆ ಹೇಗೆ..."

"ಅವರು ನಿಮಗೆ ಹೇಳಿಲ್ಲ ಅಂತಾಯ್ತು." ಏಣಿ ಕರವಸ್ತ್ರವನ್ನು ನಾಲ್ಕು ಮಡಿಕೆ ಮಾಡಿದಳು. "ಆ ಪಂದ್ಯ ಮುಗಿದ ಭಾನುವಾರ ನಮ್ಮ ಹಾಸ್ಟೆಲಿಗೆ ಬಂದಿದ್ರು. ವಾರ್ಡನ್ ಎದುರಿಗೇ ಹೇಳಿದ್ರು: 'ಚೆಂಡು ಒಳಗಿತ್ತಮ್ಮ. ನಾನು ಕಂಡೆ.'"

ಗುಬ್ಬಿ ಹರಿಯುತ್ತಲೇ ಇದ್ದ ನಲ್ಲಿಯನ್ನು ತಿರುಗಿಸಿ ನಿಲ್ಲಿಸಿದಳು.

"ನಂಗೆ ಮೈಯೆಲ್ಲ ಉರಿದುಹೋಯ್ತು. ಕಂಡಿದ್ರೆ ಅಲ್ಲೇ ಯಾಕೆ ಹೇಳ್ಲಿಲ್ಲ ಅಂತ ಕೇಳ್ದೆ. 'ಆಡೋರು ಹೇಳಿದ ಮೇಲೆ ಕೋಚು ಬಾಯಿ ಹಾಕೋ ಹಾಗಿಲ್ಲ, ಅದು ನಿಯಮ' ಅಂದ್ರು. ಆಮೇಲೆ, 'ನಿಯಮ ಇದೆ ಅಂತ ಸುಮ್ಮನಿದ್ನೋ, ಜೀವಮಾನದಲ್ಲಿ ಒಂದ್ಸಲ ಗೆಲ್ಲಬೇಕು ಅಂತ ಸುಮ್ಮನಿದ್ನೋ, ನಂಗೇ ಗೊತ್ತಿಲ್ಲ' ಅಂದ್ರು."

ಒಳಗಿನಿಂದ ಪ್ರಿನ್ಸಿಪಾಲರ ಮಾತು ಕೇಳಿಸುತ್ತಿತ್ತು. ಇಸವಿಗಳು, ಸಂಖ್ಯೆಗಳು.

"ಹಾಗಾದ್ರೆ ನನ್ನನ್ನ ಯಾಕೆ ಕೇಳ್ಲಿಲ್ಲ?" ಎಂದಳು ಗುಬ್ಬಿ. ಅವಳ ಸ್ವರ ಅವಳಿಗೇ ಚಿಕ್ಕ ಹುಡುಗಿಯದಂತೆ ಕೇಳಿಸಿತು. "ಒಂದು ಮಾತು ಬೈದಿದ್ರೂ ಸಾಕಿತ್ತಲ್ಲ."

"ನಾನೂ ಅದನ್ನೇ ಕೇಳ್ದೆ. 'ಅವಳದನ್ನ ಎತ್ತಿದ್ರೆ ನನ್ನದೂ ಹೇಳಬೇಕಾಗುತ್ತೆ. ಅವಳೇ ಬಂದು ಹೇಳ್ಲಿ, ಆಗ ನನಗೂ ಬಾಯಿ ಬರುತ್ತೆ' ಅಂದ್ರು." ಏಣಿ ಕರವಸ್ತ್ರವನ್ನು ಕೈಚೀಲಕ್ಕೆ ಹಾಕಿಕೊಂಡಳು. "ಬೇಕಾದ್ರೆ ಭಾನುವಾರ ಬಂದು ಆಡು ಅಂದ್ರು. ಎರಡು ವರ್ಷ ಬಂದೆ. ಇವತ್ತು ನಾನು ಉಣ್ಣೋ ಅನ್ನ ಆ ಭಾನುವಾರಗಳದು. ಅದಕ್ಕೆ ಬಂದೆ. ನಿಮ್ಮನ್ನ ಕ್ಷಮಿಸೋಕೆ ಅಂತ ಬಂದದ್ದಲ್ಲ. ತಪ್ಪು ತಿಳ್ಕೋಬೇಡಿ."

"ಇಲ್ಲ," ಎಂದಳು ಗುಬ್ಬಿ.

ಬಾಗಿಲಲ್ಲಿ ಕ್ಯಾಪ್ಟನ್ ಕಾಣಿಸಿಕೊಂಡು, ಕೆಟ್ಟ ಗಂಟಲಿನಲ್ಲೇ, "ಎಲ್ಲಿದೀಯೇ? ನಿನ್ನನ್ನೇ ಕರೀತಿದಾರೆ," ಎಂದಳು.

*

ಮೈಕಿನ ಮುಂದೆ ನಿಂತಾಗ ಅವಳ ಎತ್ತರಕ್ಕೆ ಅದನ್ನು ತಗ್ಗಿಸಲು ಒಬ್ಬರು ಓಡಿಬಂದರು. ಗುಬ್ಬಿ ಮೊದಲು ಇಪ್ಪತ್ತು ಚೆಂಡಿನ ಕತೆ ಹೇಳಿದಳು. ಜನ ನಕ್ಕರು. ಹಲ್ಲು ಕಿತ್ತ ಕತೆ ಹೇಳಿದಳು. ಇನ್ನೂ ನಕ್ಕರು. ಅಲ್ಲಿಗೇ ಕೈಮುಗಿದು ಇಳಿದುಬಿಡಬಹುದಿತ್ತು. ಕಪ್ಪು ವೇದಿಕೆಯ ಕೆಳಗೇ ಹೊಳೆಯುತ್ತಿತ್ತು. ಅದರ ಆಚೆ ಸರ್. ಅವಳೇ ಕೂರಿಸಿದ ಹಲ್ಲಿನಿಂದ ತುಂಬಿದ ಮುಖ, ಇನ್ನೇನು ಏನೋ ಕೇಳುವವರ ಹಾಗೆ.

"ಕಪ್ಪಿನ ಬಗ್ಗೆ ಹೇಳಬೇಕಂತೆ," ಎಂದಳು. "ಆ ಕೊನೇ ಚೆಂಡು ಒಳಗಿತ್ತು."

ಹಾಲಿನಲ್ಲಿ ಯಾರಿಗೂ ಅರ್ಥವಾಗಲಿಲ್ಲ. ಅವಳು ಮತ್ತೆ ಹೇಳಿದಳು.

"ಗೆರೆ ಮೇಲೆ ಬಿತ್ತು. ನಾನು ಕಂಡೆ. ಕಂಡೂ ಔಟ್ ಅಂದೆ. ಅನ್ನದೇ ಇದ್ದಿದ್ರೆ ಸೋಲ್ತಾನೂ ಇರ್ಲಿಲ್ಲ. ಪಾಯಿಂಟು ಸಮ ಆಗ್ತಿತ್ತು, ಅಷ್ಟೇ. ಆಮೇಲೆ ನಾನೇ ಗೆಲ್ತಿದ್ನೋ ಏನೋ. ಇಪ್ಪತ್ತೊಂಬತ್ತು ವರ್ಷದಿಂದ ಅದೊಂದು ಗೊತ್ತಾಗ್ದೆ ಉಳೀತು. ಇವತ್ತು ಎದುರಾಳಿ ಇಲ್ಲೇ ಇದಾರೆ. ಅವರು ಸರಿಯಾಗಿ ಆಡಿದ್ರು. ನಾನು ಆಡ್ಲಿಲ್ಲ."

ಆಗ ಮೊದಲ ಸಾಲಿನಿಂದ ಗಣಿತದ ಮೇಷ್ಟ್ರು, ಕಿವಿಗೆ ಅಂಗೈ ಹಚ್ಚಿಕೊಂಡು, ದೊಡ್ಡ ಗಂಟಲಿನಲ್ಲಿ ಕೇಳಿದರು:

"ಅವನಿಗೆ ಗೊತ್ತಿತ್ತೇನಮ್ಮ?"

ಎಲ್ಲರ ಕಣ್ಣೂ ಗುಬ್ಬಿಯ ಮೇಲಿತ್ತು. ಅಮ್ಮ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡು ಕುಳಿತಿದ್ದರು. ಕೊನೆಯ ಸಾಲಿನಲ್ಲಿ ಗೋಡೆಗೊರಗಿ ನಿಂತ ಏಣಿಯ ತಲೆ ಎಲ್ಲರಿಗಿಂತ ಮೇಲೆ ಕಾಣುತ್ತಿತ್ತು. ಹೌದು ಎಂದರೆ ಅರ್ಧ ಭಾರ ಇಳಿಯುತ್ತಿತ್ತು. ಆ ಅರ್ಧ ಪೆಟ್ಟಿಗೆಯಲ್ಲಿ ಮಲಗಿದವರ ಎದೆಯ ಮೇಲೆ ಹೋಗಿ ಕೂರುತ್ತಿತ್ತು.

"ಕೇಳೋ ಧೈರ್ಯ ನಂಗೆ ಯಾವತ್ತೂ ಬರ್ಲಿಲ್ಲ, ಮೇಷ್ಟ್ರೇ," ಎಂದಳು ಗುಬ್ಬಿ.

ಅದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ. ಕೊನೆಯ ಸಾಲಿನಲ್ಲಿ ಏಣಿ ತಲೆ ತಗ್ಗಿಸಿದಳು.

ವೇದಿಕೆ ಇಳಿಯುತ್ತಿದ್ದಂತೆ ಕ್ಯಾಪ್ಟನ್ ಅವಳ ತೋಳು ಹಿಡಿದು ಗೋಡೆಯ ಪಕ್ಕಕ್ಕೆ ಎಳೆದಳು. "ಇವತ್ತೇ ಸಿಕ್ತಾ ನಿನಗೆ? ಹೆಣ ಮುಂದಿಟ್ಕೊಂಡು?"

"ಇವತ್ತಲ್ದೆ ಇನ್ನು ಯಾವತ್ತು?"

"ಅದು ನಿನ್ನೊಬ್ಬಳ ಕಪ್ಪಲ್ಲ ಕಣೇ. ನಾನು ಆಡಿ ಗೆದ್ದ ಪಂದ್ಯಾನೂ ಅದರಲ್ಲಿದೆ. ನನ್ನ ಮಕ್ಕಳಿಗೆ ತೋರ್ಸಿದ್ದೆ." ಕ್ಯಾಪ್ಟನ್ ಕಪ್ಪಿನ ಕಡೆ ತಿರುಗಿ ನೋಡಿದಳು. "ನಿನಗೆ ಹಗುರಾಯ್ತು. ನನ್ನದನ್ನ ಕಿತ್ಕೊಂಡೆ."

ಕ್ಯಾಪ್ಟನ್ ಅವಳ ತೋಳು ಬಿಟ್ಟು, ಕಣ್ಣೊರೆಸಿಕೊಂಡು, ಬಾಗಿಲ ಕಡೆ ನಡೆದುಬಿಟ್ಟಳು.

ಅಮ್ಮ ಹತ್ತಿರ ಬಂದರು. ಬೈಯುತ್ತಾರೋ ತಬ್ಬಿಕೊಳ್ಳುತ್ತಾರೋ ತಿಳಿಯದೆ ಗುಬ್ಬಿ ನಿಂತಳು. ಅಮ್ಮ ಎರಡನ್ನೂ ಮಾಡಲಿಲ್ಲ. ಅವಳ ಭುಜದ ಮೇಲಿದ್ದ ದಾರದ ಎಳೆಯೊಂದನ್ನು ತೆಗೆದು ಹಾಕಿದರು.

"ನಿನ್ನೆ ಹೇಳಿದ್ರೆ ಇವರೂ ಕೇಳಿಸ್ಕೋತಿದ್ರು," ಎಂದರು. "ಬಾ. ಎತ್ತೋ ಹೊತ್ತಾಯ್ತು."

*

ಸ್ಮಶಾನ ಕಾಲೇಜಿನ ಹಿಂದಿನ ರಸ್ತೆಯ ತುದಿಯಲ್ಲಿ, ನಡೆದು ಹೋಗುವಷ್ಟು ದೂರ. ಹೊರುವವರು ನಾಲ್ವರು ಎಂದು ಬೆಳಿಗ್ಗೆಯೇ ಮಾತಾಗಿತ್ತು. ಮುಂದೆ ಸರ್ ಅವರ ತಮ್ಮ ಮತ್ತು ಆ ತಮ್ಮನ ಮಗ. ಹಿಂದೆ ತಂಡದ ಪರವಾಗಿ ಕ್ಯಾಪ್ಟನ್ ಮತ್ತು ಗುಬ್ಬಿ. ಮೂವರು ತಮ್ಮ ತಮ್ಮ ಜಾಗದಲ್ಲಿ ನಿಂತರು. ಹಿಂದಿನ ಎಡಮೂಲೆ ಖಾಲಿ. ಕ್ಯಾಪ್ಟನ್ ಗೇಟಿನ ಹತ್ತಿರ ಬೆನ್ನು ತಿರುಗಿಸಿ ನಿಂತಿದ್ದಳು.

"ಯಾರಾದ್ರೂ ಬನ್ರಪ್ಪ," ಎಂದ ಸರ್ ಅವರ ತಮ್ಮ. ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಗುಂಪು ಸರಿದು ದಾರಿಯಾಯಿತು. ಏಣಿ ಬಂದು, ಕೈಚೀಲವನ್ನು ಅಮ್ಮನ ಕೈಗೆ ಕೊಟ್ಟು, ಎಡಮೂಲೆಗೆ ಭುಜ ಕೊಟ್ಟಳು.

ಎತ್ತಿದರು. ಎತ್ತಿದ ಕೂಡಲೇ ಪೆಟ್ಟಿಗೆ ಗುಬ್ಬಿಯ ಕಡೆಗೆ ವಾಲಿತು. ಒಳಗೆ ಏನೋ ಮೆಲ್ಲಗೆ ಸರಿದ ಸದ್ದಾಯಿತು. ಗುಬ್ಬಿ ತುದಿಗಾಲಲ್ಲಿ ನಿಂತು ನೋಡಿದಳು. ಇಬ್ಬರ ಎತ್ತರದ ಅಂತರ ಒಂದು ಗೇಣಿಗೂ ಹೆಚ್ಚು, ತುದಿಗಾಲಿನಲ್ಲಿ ಮುಚ್ಚುವಂಥದ್ದಲ್ಲ.

"ತಡೀರಿ, ಆ ಉದ್ದದವರನ್ನ ಬದಲಾಯಿಸೋಣ," ಎಂದರು ಯಾರೋ.

"ಬೇಡ," ಎಂದಳು ಏಣಿ. ಕಾಲುಗಳನ್ನು ಅಗಲಿಸಿದಳು. ಎದುರಿನಿಂದ ಬರುವ ಸರ್ವ್‌ಗೆ ಕಾದು ನಿಲ್ಲುವವಳ ಹಾಗೆ ಮಂಡಿಗಳನ್ನು ಬಗ್ಗಿಸಿ ಕೆಳಗಿಳಿದಳು, ಇನ್ನೂ ಸ್ವಲ್ಪ ಇಳಿದಳು. ಪೆಟ್ಟಿಗೆ ಸಮವಾಯಿತು. ಗುಬ್ಬಿಯ ಹಿಮ್ಮಡಿಗಳು ನೆಲ ಮುಟ್ಟಿದವು.

"ಎಡಗಾಲು ಮೊದಲು," ಎಂದಳು ಏಣಿ, ಮುಂದೆ ನೋಡುತ್ತ.

ರಸ್ತೆಯ ಕೊನೆಯವರೆಗೂ ಅವಳು ಮಂಡಿ ನೆಟ್ಟಗೆ ಮಾಡಲಿಲ್ಲ. ಹಿಂದೆ ಬರುತ್ತಿದ್ದವರಿಗೆ ಆ ಉದ್ದನೆಯ ಬೆನ್ನು, ಅದರ ಪಕ್ಕ ಅಷ್ಟೇ ಎತ್ತರಕ್ಕೆ ಈ ಗಿಡ್ಡ ಬೆನ್ನು, ಎರಡರ ಮೇಲೂ ಅಲುಗದೆ ಮಟ್ಟಸವಾಗಿ ಸಾಗುತ್ತಿದ್ದ ಪೆಟ್ಟಿಗೆ ಕಾಣುತ್ತಿತ್ತು.